ಧರ್ಮಸಂಸ್ಥೆಯ ಶಾಲೆ, ಸಲ್ಲುವ ನ್ಯಾಯಪೀಠ

1472ರಲ್ಲಿ ಮಹಮೂದ್ ಗವಾನನ ಮದರಸಾ ತಲೆಯೆತ್ತಿದ ಬೀದರಿನಲ್ಲಿಯೂ, ನಿಜಾಮನ ಆಳ್ವಿಕೆಯಲ್ಲಿ ಉರ್ದು ಫಲಕದ ಮರೆಯಲ್ಲಿ ಕನ್ನಡ ಕಲಿಸಿದ ಚನ್ನಬಸವ ಪಟ್ಟದ್ದೇವರ ಭಾಲ್ಕಿ-ಔರಾದ ಸೀಮೆಯಲ್ಲಿಯೂ, ಧರ್ಮಸಂಸ್ಥೆಯ ಶಾಲೆಯೆಂಬುದು ಜನರ ದಾನದಿಂದ ಬೆಳೆದ ಸಾರ್ವಜನಿಕ ನಿಧಿಯಾದುದರಿಂದ, ಅದರ ಆಡಳಿತದ ಕಲಹವು ಸಲ್ಲದ ಪೀಠದ ಮುಂದೆ ವರ್ಷಗಟ್ಟಲೆ ಕೊಳೆಯುವುದು ಮಕ್ಕಳಿಗೆ ಬಗೆದ ದ್ರೋಹವೆಂದೇ ನಾನು ಭಾವಿಸುತ್ತೇನೆ.

ಸಾರ್ವಜನಿಕ ಧರ್ಮದತ್ತಿಯ ದುರಾಡಳಿತವನ್ನು ಪ್ರಶ್ನಿಸುವವರು ಸಿವಿಲ್ ಪ್ರಕ್ರಿಯಾ ಸಂಹಿತೆಯ 92ನೆಯ ಕಲಮಿನಂತೆ ಅನುಮತಿ ಪಡೆದು ಜಿಲ್ಲಾ ನ್ಯಾಯಾಲಯಕ್ಕೆ ಹೋಗತಕ್ಕದ್ದು. ವಕ್ಫ್ ವಿವಾದಕ್ಕೆ 1995ರ ಕಾಯಿದೆಯ ನ್ಯಾಯಮಂಡಳಿಯುಂಟು. ವಜಾಗೊಂಡ ಶಿಕ್ಷಕನ ಮೊರೆಯಾದರೋ, 1983ರ ಕರ್ನಾಟಕ ಶಿಕ್ಷಣ ಕಾಯಿದೆಯ ಮೇಲ್ಮನವಿ ನ್ಯಾಯಮಂಡಳಿಗೆ ಸಲ್ಲಬೇಕು. ಆಡಳಿತ ಮಂಡಳಿಯ ಗುಂಪುಗಾರಿಕೆಯೊಡನೆ ಅದನ್ನು ಬೆರೆಸುವುದು ಅನ್ಯಾಯ.

ಆದಕಾರಣ, ತಡೆಯಾಜ್ಞೆಯ ಹಂಬಲದಿಂದ ಹತ್ತಿರದ ನ್ಯಾಯಾಲಯದಲ್ಲಿ ದಾವೆ ಹೂಡುವ ಪರಿಪಾಠಕ್ಕೆ ಪ್ರತಿಯಾಗಿ, ಅಧಿಕಾರವ್ಯಾಪ್ತಿಯ ಪ್ರಶ್ನೆಯನ್ನು ನ್ಯಾಯಾಧೀಶರು ಮೊದಲನೆಯ ವಿಚಾರಣೆಯಲ್ಲಿಯೇ ಕೈಗೆತ್ತಿಕೊಳ್ಳಬೇಕು.