ಊರಿನ ಹೆಸರಿನ ತಂಡ

ತಮ್ಮ ಊರಿನ ಹೆಸರು ಆಟದ ಮೈದಾನದಲ್ಲಿ ಮೊಳಗಿದರೆ ಯಾರಿಗೆ ತಾನೆ ಹಿಗ್ಗಾಗುವುದಿಲ್ಲ? ಹಳೇಬೀಡಿಗೆ ಸಮೀಪದ ಜಾವಗಲ್ಲಿನ ಹೆಸರನ್ನು ದೇಶದೇಶಗಳಿಗೆ ಕೊಂಡೊಯ್ದವರು ಮೈಸೂರಿನಲ್ಲಿ ಹುಟ್ಟಿದ ಶ್ರೀನಾಥ್. ಅರಸೀಕೆರೆಯಲ್ಲಿ ಜನಿಸಿದ ವೇಗದ ಬೌಲರ್ ಡೇವಿಡ್ ಜಾನ್ಸನ್ 1996ರಲ್ಲಿ ಭಾರತದ ಪರವಾಗಿ ಎರಡು ಟೆಸ್ಟ್ ಪಂದ್ಯಗಳನ್ನಾಡಿದರು. ಆದರೆ ಊರಿನ ಹೆಸರಿನದೇ ಒಂದು ತಂಡವಿದ್ದು, ಅದರ ಆಟವನ್ನು ನಾಡೆಲ್ಲ ನೋಡುವ ಕಾಲ ಆಗಿನ್ನೂ ಬಂದಿರಲಿಲ್ಲ.

ಅದು ಬಂದದ್ದು 2009ರಲ್ಲಿ, ಕರ್ನಾಟಕ ಪ್ರೀಮಿಯರ್ ಲೀಗ್ ಎಂಬ ಹೆಸರಿನಿಂದ. ದಾವಣಗೆರೆ, ಬಿಜಾಪುರ, ಬೆಳಗಾವಿಗಳ ಹೆಸರಿನ ತಂಡಗಳು ಹುಟ್ಟಿದವು. ಮರುವರ್ಷದ ಪಂದ್ಯಾವಳಿಯ ಬಳಿಕ ನಿಂತುಹೋಗಿದ್ದ ಲೀಗ್ 2014ರಲ್ಲಿ ಮತ್ತೆ ತಲೆಯೆತ್ತಿತು. ಈ ಎರಡನೆಯ ಹುಟ್ಟಿನ ಕಾಲದ ತಂಡಗಳಲ್ಲೊಂದು ಬಳ್ಳಾರಿ ಟಸ್ಕರ್ಸ್, ಎಂದರೆ ಕೊಂಬಿನಾನೆಗಳ ತಂಡ. 2016ರಲ್ಲಿ ಅದು ಪ್ರಶಸ್ತಿಯನ್ನೇ ಗೆದ್ದುಕೊಂಡಿತು.

2019ರಲ್ಲಿ ಆನೆ ಮತ್ತೆ ಅಂತಿಮ ಪಂದ್ಯಕ್ಕೆ ನಡೆದು ಬಂದಿತು. ಮೈಸೂರಿನಲ್ಲಿ ನಡೆದ ಆ ಪಂದ್ಯದಲ್ಲಿ ಹುಬ್ಬಳ್ಳಿ ಟೈಗರ್ಸ್ ಎದುರು ಸೋತದ್ದು ಕೇವಲ 8 ರನ್ನುಗಳಿಂದ. ಸೋಲು ಗೆಲವು ಆಟದಲ್ಲಿ ಇದ್ದದ್ದೇ. ಆದರೆ ನವೆಂಬರಿನಲ್ಲಿ ಪೊಲೀಸರು ತಂಡದ ಇಬ್ಬರನ್ನು ಬಂಧಿಸಿ, ಹಣ ಪಡೆದು ನಿಧಾನವಾಗಿ ಆಡಿದರೆಂದು ಆರೋಪಿಸಿದರು. ಬೆಳಗಾವಿ ತಂಡದ ಮಾಲೀಕರ ಬಂಧನ ಅದಕ್ಕೆ ಮೊದಲೇ ಆಗಿತ್ತು. 2022ರ ಜನವರಿಯಲ್ಲಿ ಹೈಕೋರ್ಟು ಆಟಗಾರರ ಮೇಲಿನ ಮೊಕದ್ದಮೆಯನ್ನು ರದ್ದುಪಡಿಸಿತು. ಇಂಥದು ನಡೆದಿದ್ದರೂ ದಂಡಸಂಹಿತೆಯ 420ನೆಯ ಕಲಮಿನ ವಂಚನೆಯೆನಿಸದು, ಶಿಸ್ತಿನ ಕ್ರಮ ಕ್ರಿಕೆಟ್ ಮಂಡಳಿಗೆ ಬಿಟ್ಟದ್ದು ಎಂಬುದು ತೀರ್ಪಿನ ಸಾರ. ಅಷ್ಟರಲ್ಲಿ ಲೀಗೇ ಮುಗಿದಿತ್ತು. ಅದೇ ವರ್ಷ ಆರಂಭವಾದ ಮಹಾರಾಜ ಟ್ರೋಫಿಯ ಆರು ತಂಡಗಳಲ್ಲಿ ಬಳ್ಳಾರಿಯ ಹೆಸರಿರಲಿಲ್ಲ.

ಅಮೆರಿಕದ ಸಣ್ಣ ಊರುಗಳ ಬೇಸ್‌ಬಾಲ್ ತಂಡಗಳೂ ಹೀಗೆಯೇ ಅಳಿದದ್ದುಂಟು. 1949ರಲ್ಲಿ ಅಲ್ಲಿ 59 ಕಿರಿಯ ಲೀಗುಗಳಿದ್ದವು; ಟೆಲಿವಿಷನ್ ಮನೆಮನೆಗೆ ಬಂದಂತೆ ಅನೇಕ ತಂಡಗಳು ಕಣ್ಮುಚ್ಚಿದವು. ಆದರೂ ಒಂದು ವ್ಯತ್ಯಾಸ ಗಮನಾರ್ಹ. ಆ ತಂಡಗಳು ತಮ್ಮ ಊರಿನ ಮೈದಾನದಲ್ಲಿಯೇ ಆಡುತ್ತಿದ್ದವು. ಊರ ಜನ ಟಿಕೆಟ್ಟು ಕೊಂಡು ಅವುಗಳನ್ನು ಸಾಕುತ್ತಿದ್ದರು. ನಮ್ಮಲ್ಲಾದರೋ ತಂಡ ಮಾಲೀಕರದು, ಆಟಗಾರರು ಹರಾಜಿನವರು. 2019ರ ಪಂದ್ಯಗಳು ನಡೆದದ್ದು ಬೆಂಗಳೂರು, ಮೈಸೂರುಗಳಲ್ಲಿ. ಬಳ್ಳಾರಿಗೆ ಉಳಿದದ್ದು ಅಂಗಿಯ ಮೇಲಿನ ಹೆಸರು ಮಾತ್ರ. ಅಪವಾದ ಬಂದಾಗ ಕಳಂಕ ತಟ್ಟಿದ್ದೂ ಆ ಹೆಸರಿಗೇ!

ಹೆಸರು ಎರವಲು ಕೊಟ್ಟ ಮಾತ್ರಕ್ಕೆ ತಂಡ ಊರಿನದಾಗುವುದಿಲ್ಲ. ಅರಸೀಕೆರೆಗೋ ಬೇಲೂರಿಗೋ ನಾಳೆ ಅಂಥದೊಂದು ತಂಡ ಬರುವುದಾದರೆ, ಅದಕ್ಕೆ ಮೊದಲು ಊರಿನಲ್ಲೊಂದು ಒಳ್ಳೆಯ ಮೈದಾನ ಬರಲಿ. ಹುಡುಗರು ಅಲ್ಲಿ ಆಡಲಿ, ಹಿರಿಯರು ನಿಂತು ನೋಡಲಿ. ಮಾಲೀಕರು ಕೈಬಿಟ್ಟರೂ ಮೈದಾನ ಊರಿನಲ್ಲೇ ಉಳಿದೀತು.