ಧಾನ್ಯದ ವ್ಯಾಜ್ಯಕ್ಕೆ ನ್ಯಾಯಾಲಯವೇ ಗತಿಯೇ?

ನಾನು ಸೇವೆಯಲ್ಲಿದ್ದ ಕೊನೆಯ ವರ್ಷಗಳಲ್ಲಿ ಒಮ್ಮೆ ನಮ್ಮ ಶಾಲೆಯ ಬಿಸಿಯೂಟಕ್ಕೆ ಹನ್ನೊಂದು ದಿನ ಅಕ್ಕಿ ಬರಲಿಲ್ಲ. ತೂಕದ ಕೊರತೆಯ ಬಗ್ಗೆ ಇಲಾಖೆಗೂ ಸಾಗಣೆಯ ಗುತ್ತಿಗೆದಾರನಿಗೂ ತಕರಾರು. ಇವರು ಬಿಲ್ಲು ತಡೆದರು, ಆತ ಲಾರಿ ನಿಲ್ಲಿಸಿದ. ಊರಿನವರು ಮನೆಮನೆಯಿಂದ ಅಕ್ಕಿ ಕೂಡಿಸಿ ಕೊಟ್ಟು ಮಕ್ಕಳ ಹೊಟ್ಟೆ ತುಂಬಿಸಿದರು. ನಾನು ನಿವೃತ್ತನಾಗುವ ಹೊತ್ತಿಗೂ ಆ ತಕರಾರು ಇತ್ಯರ್ಥವಾಗಿರಲಿಲ್ಲ. ತಪ್ಪು ಯಾರದೋ ನಾನರಿಯೆ. ಆದರೆ ಅದನ್ನು ತೀರ್ಮಾನಿಸಲು ಇಷ್ಟು ಕಾಲ ಬೇಕೇ ಎಂಬ ಪ್ರಶ್ನೆ ಮಾತ್ರ ಇಂದಿಗೂ ನನ್ನನ್ನು ಬಿಟ್ಟಿಲ್ಲ.

ಸರ್ಕಾರದ ಧಾನ್ಯ ವ್ಯವಹಾರವೆಂದರೆ ಸಾಮಾನ್ಯವಲ್ಲ. 1965ರಲ್ಲಿ ಆರಂಭವಾದ ಭಾರತ ಆಹಾರ ನಿಗಮ ಒಂದರದ್ದೇ ಖರೀದಿ, ದಾಸ್ತಾನು, ಸಾಗಣೆಗಳಿಗೆ ದೇಶದ ತುಂಬ ಗುತ್ತಿಗೆಗಳಿವೆ. ತೇವಾಂಶ ಹೆಚ್ಚಿತೆಂದು, ತೂಕ ಇಳಿಯಿತೆಂದು, ಗೋಣಿ ಹರಿಯಿತೆಂದು ಜಗಳ ಹುಟ್ಟುವುದು ಸಹಜ. ಹುಟ್ಟಿದ ಜಗಳ ಸಾಯದಿರುವುದು ಸಹಜವಲ್ಲ.

ಒಂದು ನಿದರ್ಶನ ನೋಡಿ. ರೈಲಿನ ವ್ಯಾಗನ್ನುಗಳನ್ನು ಗೊತ್ತಾದ ಹೊತ್ತಿನೊಳಗೆ ಖಾಲಿ ಮಾಡದಿದ್ದರೆ ರೈಲ್ವೆಯವರು ಡೆಮರೇಜು ವಿಧಿಸುತ್ತಾರೆ. ತ್ರಿಪುರಾದಲ್ಲಿ ನಿಗಮವು ಈ ಹಣವನ್ನು ರಸ್ತೆ ಸಾಗಣೆಯ ಗುತ್ತಿಗೆದಾರರಿಂದ ವಸೂಲು ಮಾಡಹೊರಟಿತು. ಕರಾರಿನಲ್ಲಿದ್ದ ‘ಚಾರ್ಜಸ್’ ಎಂಬ ಪದದೊಳಗೆ ಡೆಮರೇಜೂ ಸೇರುತ್ತದೆಯೇ ಎಂಬುದೇ ಪ್ರಶ್ನೆ. ಸೇರುವುದಿಲ್ಲವೆಂದು 2022ರ ನವೆಂಬರಿನಲ್ಲಿ ತೀರ್ಪಿತ್ತದ್ದು ಸರ್ವೋಚ್ಚ ನ್ಯಾಯಾಲಯ! ಒಂದು ಪದದ ಅರ್ಥ ತಿಳಿಯಲು ದೆಹಲಿಯವರೆಗೆ ಹೋಗಬೇಕಾಯಿತು. ಭಾಷೆ ಕಲಿಸಿದ ನನಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ.

ಇಂಥ ವ್ಯಾಜ್ಯಗಳಿಗೆಂದೇ ಮಧ್ಯಸ್ಥಿಕೆಯ ಕಾನೂನಿದೆ. 1940ರ ಕಾಯ್ದೆ ವಿಳಂಬಕ್ಕೆ ಹೆಸರಾಗಿತ್ತು. ಅದರ ಬದಲು 1996ರಲ್ಲಿ ಹೊಸ ಕಾಯ್ದೆ ಬಂತು. 2015ರ ತಿದ್ದುಪಡಿ ಮಧ್ಯಸ್ಥಗಾರರ ತೀರ್ಪಿಗೆ ಹನ್ನೆರಡು ತಿಂಗಳ ಗಡುವು ಹಾಕಿತು. ಇಷ್ಟು ದೂರ ಬಂದ ಮೇಲೆ, 2024ರ ಜೂನ್ 3ರಂದು ಕೇಂದ್ರ ಹಣಕಾಸು ಸಚಿವಾಲಯ ಹೊರಡಿಸಿದ ಮಾರ್ಗಸೂಚಿ ಹಿಂದಕ್ಕೆ ಹೆಜ್ಜೆ ಇಟ್ಟಿತು. ಹತ್ತು ಕೋಟಿ ರೂಪಾಯಿಗಿಂತ ಕಡಿಮೆ ಮೊತ್ತದ ವ್ಯಾಜ್ಯಗಳಿಗೆ ಮಾತ್ರ ಮಧ್ಯಸ್ಥಿಕೆ ಸೀಮಿತವಾಗಲಿ, ದೊಡ್ಡ ಗುತ್ತಿಗೆಗಳಲ್ಲಿ ಅದನ್ನು ರೂಢಿಯಂತೆ ಸೇರಿಸುವುದು ಬೇಡ ಎಂಬುದು ಅದರ ಸಾರ. ಮಧ್ಯಸ್ಥಿಕೆ ದುಬಾರಿ, ನಿಧಾನ, ಮಧ್ಯಸ್ಥಗಾರರ ಪ್ರಾಮಾಣಿಕತೆಯೂ ಸಂಶಯಾಸ್ಪದ ಎಂಬ ಕಾರಣಗಳನ್ನು ಕೊಡಲಾಗಿದೆ.

ಈ ದೂರುಗಳು ಪೂರ್ತಿ ಸುಳ್ಳೆಂದು ನಾನು ಹೇಳುವುದಿಲ್ಲ. ಸೋತ ಪ್ರಕರಣಗಳನ್ನೆಲ್ಲ ರೂಢಿಯಂತೆ ಪ್ರಶ್ನಿಸಬಾರದೆಂದು ಅದೇ ಮಾರ್ಗಸೂಚಿ ಹೇಳಿರುವುದೂ ಮೆಚ್ಚತಕ್ಕದ್ದೇ. ಆದರೆ ರೋಗ ಇರುವುದು ಮಧ್ಯಸ್ಥಿಕೆಯಲ್ಲಲ್ಲ, ಅದನ್ನು ನಡೆಸಿದ ರೀತಿಯಲ್ಲಿ. ಸರ್ಕಾರಿ ಕರಾರುಗಳಲ್ಲಿ ಬಹುಕಾಲ ಮಧ್ಯಸ್ಥಗಾರನನ್ನು ನೇಮಿಸುತ್ತಿದ್ದವರು ಯಾರು? ವ್ಯಾಜ್ಯದ ಒಂದು ಪಕ್ಷವಾದ ಇಲಾಖೆಯೇ! ಪರೀಕ್ಷೆ ಬರೆಯುವ ಹುಡುಗನೇ ಮೌಲ್ಯಮಾಪಕನನ್ನು ಆರಿಸಿದಂತೆ. ತಮ್ಮವನೇ ತೀರ್ಪು ಕೊಟ್ಟಾಗಲೂ ಸೋತರೆ ಮೇಲ್ಮನವಿ. ಕಾಲಹರಣ ಮಾಡಿದವರೇ ಈಗ ಮಧ್ಯಸ್ಥಿಕೆ ನಿಧಾನವೆಂದು ದೂರುವುದು ಯಾವ ನ್ಯಾಯ?

2024ರ ನವೆಂಬರ್ 8ರಂದು ಸರ್ವೋಚ್ಚ ನ್ಯಾಯಾಲಯದ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವು ಬಹುಮತದಿಂದ ಇದಕ್ಕೆ ತಡೆ ಹಾಕಿತು. ಸರ್ಕಾರ ಮತ್ತು ಖಾಸಗಿಯವರ ನಡುವಿನ ಕರಾರಿನಲ್ಲಿ ಒಂದೇ ಪಕ್ಷವು ಮಧ್ಯಸ್ಥಗಾರನನ್ನು ನೇಮಿಸುವ ಷರತ್ತು ಸಮಾನತೆಗೆ ವಿರುದ್ಧವೆಂದು ಅದು ಸಾರಿತು. ದಾರಿ ಹೀಗೆ ತೆರೆದಿರುವಾಗ ದೊಡ್ಡ ವ್ಯಾಜ್ಯಗಳನ್ನು ನ್ಯಾಯಾಲಯದ ಬಾಗಿಲಿಗೆ ತಳ್ಳುವುದು ಅವಿವೇಕ. ರಸ್ತೆ ಅಥವಾ ಸೇತುವೆಯ ಜಗಳದಲ್ಲಿ ಸಾಕ್ಷ್ಯ ಹತ್ತು ವರ್ಷವಾದರೂ ನಿಂತಿರುತ್ತದೆ. ಅಕ್ಕಿಯ ಜಗಳದಲ್ಲಿ ಸಾಕ್ಷ್ಯಕ್ಕೇ ಹುಳು ಹಿಡಿಯುತ್ತದೆ.

ಆಗಬೇಕಾದದ್ದು ಮೂರೇ ಕೆಲಸ. ಮೊದಲನೆಯದು, ಧಾನ್ಯ ಇಳಿಸಿದ ದಿನವೇ ಎರಡೂ ಪಕ್ಷಗಳ ಎದುರಿನಲ್ಲಿ ಮಾದರಿ ತೆಗೆದು ಮೊಹರು ಮಾಡಿ ಪರೀಕ್ಷಿಸಬೇಕು. ಎರಡನೆಯದು, ಮೊತ್ತ ಎಷ್ಟೇ ಇರಲಿ, ಇಬ್ಬರೂ ಒಪ್ಪುವ ಸ್ವತಂತ್ರ ಮಧ್ಯಸ್ಥಗಾರರ ಮುಂದೆ ವ್ಯಾಜ್ಯ ಮುಗಿಯಬೇಕು. ಮೂರನೆಯದು, ವಿವಾದವಿಲ್ಲದ ಬಾಕಿಯನ್ನು ತಡೆಹಿಡಿಯಬಾರದು, ಧಾನ್ಯದ ಸಾಗಣೆಯನ್ನೂ ನಿಲ್ಲಿಸಬಾರದು.

ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂಬ ಗಾದೆ ಎಲ್ಲರಿಗೂ ಗೊತ್ತು. ಧಾನ್ಯದ ವ್ಯಾಜ್ಯದಲ್ಲಿ ಇವರಿಬ್ಬರಲ್ಲದೆ ಮೂರನೆಯವರೂ ಇದ್ದಾರೆ. ತಟ್ಟೆ ಹಿಡಿದು ಸಾಲಿನಲ್ಲಿ ಕುಳಿತ ಆ ಮಕ್ಕಳ ಪರವಾಗಿ ವಕಾಲತ್ತು ಹಾಕುವವರು ಯಾರು?