ಬಾಲಣ್ಣನವರನ್ನು ‘ಪೋಷಕ ನಟ’ರೆನ್ನುವುದು ಯಾವ ನ್ಯಾಯ?

ಮೂವತ್ತು ವರ್ಷಕ್ಕೂ ಮಿಕ್ಕಿ ಶಾಲೆಯಲ್ಲಿ ಕಳೆದ ನನಗೆ ‘ಪೋಷಕರು’ ಎಂದರೆ ಮಕ್ಕಳನ್ನು ಹೆತ್ತು, ಹೊತ್ತು, ಸಾಕಿದವರು. ಪೋಷಕರ ಸಭೆಯ ದಿನ ಹೆಡ್‌ಮಾಸ್ತರರಾದಿಯಾಗಿ ನಾವೆಲ್ಲ ಎದ್ದು ನಿಂತು ನಮಸ್ಕರಿಸುತ್ತಿದ್ದುದು ಅವರಿಗೇ. ಅದೇ ಪದ ಸಿನಿಮಾದ ಮಾತಿಗೆ ಬಂದೊಡನೆ ಹೇಗೆ ಬಡವಾಗಿಬಿಡುತ್ತದೆ ನೋಡಿ! ಅಲ್ಲಿ ಪೋಷಕ ನಟನೆಂದರೆ ನಾಯಕನಾಗಲು ಯೋಗ್ಯತೆ ಸಾಲದೆ ಪಕ್ಕಕ್ಕೆ ಸರಿದು ನಿಂತವನು. ಈ ಭಾವನೆಯನ್ನು ನಾನು ಒಪ್ಪುವುದಿಲ್ಲ. ಟಿ. ಎನ್. ಬಾಲಕೃಷ್ಣ ಅವರಂಥ ನಟರನ್ನು ಆ ಅರ್ಥದಲ್ಲಿ ಪೋಷಕ ನಟರೆಂದು ಕರೆದು ಮುಗಿಸುವವರೊಂದಿಗೆ ಜಗಳಕ್ಕೂ ಸಿದ್ಧನಿದ್ದೇನೆ.

ಬಾಲಣ್ಣನವರನ್ನು ಬೆಳೆಸಿದ ಕಂಪನಿ ರಂಗಭೂಮಿಯಲ್ಲಿ ಈ ಮೇಲು-ಕೀಳು ಇಷ್ಟು ಗಟ್ಟಿಯಾಗಿರಲಿಲ್ಲ. ರಾಜಪಾರ್ಟಿನವರಿಗೆ ಅವರದೇ ಗತ್ತು ಇತ್ತು, ಅಲ್ಲವೆನ್ನುವುದಿಲ್ಲ. ಆದರೆ ನಾಡಿನ ಅತಿ ದೊಡ್ಡ ಕಂಪನಿಯ ಒಡೆಯರಾದ ಗುಬ್ಬಿ ವೀರಣ್ಣನವರು ಹೆಸರು ಮಾಡಿದ್ದು ಯಾವುದರಿಂದ? ಹಾಸ್ಯದಿಂದ. ‘ಸದಾರಮೆ’ಯಲ್ಲಿ ಅವರ ಕಳ್ಳನ ಪಾತ್ರವನ್ನು ನೋಡಲೆಂದೇ ಜನ ಗಾಡಿ ಕಟ್ಟಿಕೊಂಡು ಬರುತ್ತಿದ್ದರೆಂದು ನಮ್ಮ ಹಿರಿಯರು ಹೇಳುತ್ತಿದ್ದರು. ಒಡೆಯನೇ ಕಳ್ಳನ ಪಾತ್ರ ಹಾಕಿದಾಗ ‘ಪೋಷಕ’ ಯಾರು, ‘ನಾಯಕ’ ಯಾರು?

ಅರಸೀಕೆರೆಯ ಬಾಲಕೃಷ್ಣ ಅವರು ಇಂಥ ರಂಗದಿಂದ ಬಂದವರು. 1943ರ ‘ರಾಧಾರಮಣ’ದಿಂದ ಆರಂಭಿಸಿ ಐನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ಅಭಿನಯಿಸಿ 1995ರಲ್ಲಿ ತೀರಿಕೊಂಡರು. ನಗಿಸಿದರು, ಅಳಿಸಿದರು, ಕುಟಿಲ ಪಾತ್ರಗಳಲ್ಲಿ ನೋಡುಗರಿಂದ ಶಾಪವನ್ನೂ ಹಾಕಿಸಿಕೊಂಡರು. ಇದೆಲ್ಲವನ್ನೂ ಮಾಡಿದ್ದು ಕಿವಿ ಸರಿಯಾಗಿ ಕೇಳಿಸದ ಮನುಷ್ಯ! ಎದುರಿನವರ ತುಟಿಯ ಚಲನೆಯನ್ನು ನೋಡಿ, ಅವರ ಮಾತು ಎಲ್ಲಿ ಮುಗಿಯುತ್ತದೆಂದು ಅರಿತು ತಮ್ಮ ಮಾತನ್ನು ಎತ್ತಿಕೊಳ್ಳುತ್ತಿದ್ದರು. ಶಾಲಾ ವಾರ್ಷಿಕೋತ್ಸವಕ್ಕೆ ನಾಟಕ ಕಲಿಸಿದ ಯಾವ ಮೇಷ್ಟರನ್ನಾದರೂ ಕೇಳಿ. ಹುಡುಗರಿಗೆ ತಮ್ಮ ಮಾತನ್ನು ಬಾಯಿಪಾಠ ಮಾಡಿಸುವುದು ಸುಲಭ, ಎದುರಿನವನ ಮಾತನ್ನು ಕೇಳಿಸಿಕೊಳ್ಳುವುದನ್ನು ಕಲಿಸುವುದೇ ಕಷ್ಟ. ಎರಡು ಕಿವಿಯೂ ನೆಟ್ಟಗಿರುವ ಹುಡುಗ ತನ್ನ ಸರದಿಗಾಗಿ ಮರದ ಹಾಗೆ ಕಾಯುತ್ತಾನೆ. ಬಾಲಣ್ಣನವರಾದರೋ ಎದುರಿನವರ ಮುಖದಿಂದ ಕಣ್ಣು ತೆಗೆಯುವಂತಿರಲಿಲ್ಲ. ಅವರ ದೃಶ್ಯಗಳಲ್ಲಿ ಎದುರಿಗಿರುವ ನಟ ಯಾರೇ ಆಗಿರಲಿ, ಆತನ ಮಾತಿಗೆ ತೂಕ ಬರುವುದು ಇದರಿಂದಲೇ ಎಂದು ನನ್ನ ನಂಬಿಕೆ.

ಈಚೆಗೆ ನಮ್ಮೂರಿನ ಪದವೀಧರ ಮಿತ್ರರೊಬ್ಬರು, “ಅವರದೆಲ್ಲ ಕಂಪನಿ ನಾಟಕದ ಅತಿ ಅಭಿನಯ ಬಿಡಿ ಸಾರ್” ಎಂದು ಒಂದೇ ಮಾತಿನಲ್ಲಿ ತೀರ್ಪು ಕೊಟ್ಟರು. ಅತಿ ಯಾವುದು, ಮಿತಿ ಯಾವುದು ಎಂಬುದು ನಟ ಯಾರಿಗಾಗಿ ಆಡುತ್ತಿದ್ದಾನೆ ಎಂಬುದನ್ನು ಅವಲಂಬಿಸಿದ ಮಾತು. ಡೇರೆಯ ಕೊನೆಯ ಸಾಲಿನಲ್ಲಿ, ನೆಲದ ಮೇಲೆ, ಮಡಿಲಲ್ಲಿ ಮಗು ಹಾಕಿಕೊಂಡು ಕುಳಿತ ಹೆಂಗಸಿಗೂ ಮುಟ್ಟುವಂತೆ ಆಡಿದವರ ವಿದ್ಯೆ ಅದು. ಆ ವಿದ್ಯೆಯನ್ನು ಕ್ಯಾಮೆರಾದ ಮುಂದೆ ಎಷ್ಟು ತಗ್ಗಿಸಬೇಕೆಂಬುದೂ ಅವರಿಗೆ ಗೊತ್ತಿತ್ತು. 1972ರ ‘ಬಂಗಾರದ ಮನುಷ್ಯ’ದ ರಾಚೂಟಪ್ಪನನ್ನು ಮಿತ್ರರು ಮತ್ತೊಮ್ಮೆ ನೋಡಲಿ. ಅಂಥ ರಾಚೂಟಪ್ಪ ನಮ್ಮ ಶಿರಾಳಕೊಪ್ಪದ ಸಂತೆಯಲ್ಲಿ ಮೊನ್ನೆ ಮೊನ್ನೆಯವರೆಗೆ ಸಿಗುತ್ತಿದ್ದರು, ಬಾಯಿ ಬಿರುಸು, ಕೈ ಸಡಿಲ. ರಾಜೀವನ ಒಳ್ಳೆಯತನವನ್ನು ನಾವು ನಂಬುವುದು ರಾಚೂಟಪ್ಪ ಮೊದಲು ನಂಬಿದ್ದರಿಂದ.

ಕೆ. ಎಸ್. ಅಶ್ವಥ್ ಅವರ ವಿಷಯವೂ ಇದೇ. ಅದೇ ವರ್ಷದ ‘ನಾಗರಹಾವು’ ಚಿತ್ರದಿಂದ ಚಾಮಯ್ಯ ಮೇಷ್ಟರನ್ನು ತೆಗೆದುಬಿಡಿ, ರಾಮಾಚಾರಿ ಊರಿಗೆ ತಲೆನೋವಾದ ಒಬ್ಬ ಪುಂಡನಾಗಿ ಉಳಿಯುತ್ತಾನೆ. ಆ ಮೇಷ್ಟರು ಅವನನ್ನು ಪ್ರೀತಿಸಿದ್ದರಿಂದ ನಾವೂ ಪ್ರೀತಿಸಿದೆವು. (ವೃತ್ತಿಬಾಂಧವರೆಂಬ ಪಕ್ಷಪಾತ ನನಗಿದೆ, ಇರಲಿ.)

ಇನ್ನು ಕಹಿಯಾದ ಸಂಗತಿಗೆ ಬರುತ್ತೇನೆ. 1960ರಲ್ಲಿ ‘ರಣಧೀರ ಕಂಠೀರವ’ ತೆರೆಗೆ ಬಂತು. ಅದನ್ನು ನಿರ್ಮಿಸಿದವರು ಯಾವ ಸೇಠರೂ ಅಲ್ಲ. ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು, ಜಿ. ವಿ. ಅಯ್ಯರ್ ಈ ನಾಲ್ವರು ಕಲಾವಿದರ ಸಂಘ ಕಟ್ಟಿಕೊಂಡು, ನಾಟಕಗಳನ್ನು ಹೊತ್ತು ನಾಡು ಸುತ್ತಿ, ಕನ್ನಡ ಚಿತ್ರಕ್ಕೆ ಉಸಿರು ಕಟ್ಟಿದ್ದ ಕಾಲದಲ್ಲಿ ಕೈಹಾಕಿದ ಸಾಹಸ ಅದು. ನಾಲ್ಕು ಹೆಗಲುಗಳ ಪಲ್ಲಕ್ಕಿಯಲ್ಲಿ ನಮಗೆ ಇಂದು ನೆನಪಿರುವುದು ಒಂದೇ ಹೆಗಲು. ಅಣ್ಣಾವ್ರ ದೊಡ್ಡತನವನ್ನು ಕುಗ್ಗಿಸಲು ಈ ಮಾತನ್ನು ಹೇಳುತ್ತಿಲ್ಲ.

ಚಿತ್ರೀಕರಣಕ್ಕೆಂದು ಕನ್ನಡದವರು ಮದರಾಸಿಗೆ ಎಡತಾಕುತ್ತಿದ್ದ ದಿನಗಳಲ್ಲಿ ಕನ್ನಡ ನೆಲದಲ್ಲೇ ಸ್ಟುಡಿಯೋ ಬೇಕೆಂದು ಹಟ ಹಿಡಿದು ಬೆಂಗಳೂರಿನ ಕೆಂಗೇರಿಯ ಬಳಿ ‘ಅಭಿಮಾನ್ ಸ್ಟುಡಿಯೋ’ ಕಟ್ಟಿದವರೂ ಬಾಲಣ್ಣನವರೇ. ವಿಷ್ಣುವರ್ಧನ್ ಅವರ ಅಂತ್ಯಕ್ರಿಯೆ 2009ರ ಡಿಸೆಂಬರಿನಲ್ಲಿ ನಡೆದದ್ದು ಅಲ್ಲಿ. ಅವರ ಸಮಾಧಿಯನ್ನು 2025ರ ಆಗಸ್ಟಿನಲ್ಲಿ ಕೆಡವಿದಾಗ ನಮ್ಮ ಬಸ್‌ಸ್ಟ್ಯಾಂಡಿನ ಹೋಟೆಲಿನಲ್ಲೂ ಬಿಸಿಬಿಸಿ ಚರ್ಚೆ ನಡೆಯಿತು. ಅಭಿಮಾನಿಗಳ ಸಂಕಟ ನನಗೆ ಅರ್ಥವಾಗುತ್ತದೆ. ಜಮೀನಿನ ನ್ಯಾಯಾನ್ಯಾಯ ನ್ಯಾಯಾಲಯಕ್ಕೆ ಬಿಟ್ಟದ್ದು. ಆದರೆ ಅಷ್ಟು ದಿನದ ಚರ್ಚೆಯಲ್ಲಿ, ಆ ಸ್ಟುಡಿಯೋ ಯಾರ ಕನಸಾಗಿತ್ತೆಂಬುದನ್ನು ಆ ಮೇಜಿನ ಸುತ್ತ ಕುಳಿತವರಲ್ಲಿ ಒಬ್ಬರೂ ಎತ್ತಲಿಲ್ಲ. ನಾನು ಹೆಸರು ಹೇಳಿದಾಗ ಒಬ್ಬ ತರುಣ, “ಯಾರು, ಆ ಕಾಮಿಡಿ ಮಾಡೋರಾ?” ಎಂದ. ಆತ ಕೆಟ್ಟ ಹುಡುಗನಲ್ಲ. ಅವನಿಗೆ ಯಾರೂ ಹೇಳಿಲ್ಲ, ಅಷ್ಟೆ.

ಹೇಳಬೇಕಾದವರು ಏನು ಮಾಡುತ್ತಿದ್ದಾರೆ? ಟಿ.ವಿ.ಯಲ್ಲಿ ಹಳೆಯ ಚಿತ್ರ ಬಂದರೆ ಹೆಸರುಗಳ ಪಟ್ಟಿಯನ್ನು ಕತ್ತರಿಸಿ ಅಲ್ಲಿ ಸಾಬೂನು ಮಾರುವುದನ್ನು ಎಷ್ಟೋ ಸಲ ಕಂಡಿದ್ದೇನೆ. ಹತ್ತಿರದ ತಾಳಗುಂದದಲ್ಲಿ ಕದಂಬರ ಕಾಲದ ಕಂಬಶಾಸನವಿದೆ. ಐದನೆಯ ಶತಮಾನದ ಆ ಕಂಬದಲ್ಲಿ ಮಯೂರಶರ್ಮನ ಕಥೆಯಿದೆ, ಕಾಕುತ್ಸ್ಥವರ್ಮನ ಕೆರೆಯಿದೆ, ಜೊತೆಗೆ ಅದನ್ನು ರಚಿಸಿ ಬರೆದ ಕುಬ್ಜನೆಂಬ ಕವಿಯ ಹೆಸರೂ ಇದೆ. ಅರಸರ ಕಾಲದ ಕಲ್ಲಿನಲ್ಲಿ ಕುಬ್ಜನಿಗೆ ಜಾಗವಿತ್ತು. ಪ್ರಜಾಪ್ರಭುತ್ವದ ಪರದೆಯ ಮೇಲೆ ಬಾಲಣ್ಣನವರಿಗೆ ಮೂರು ಸೆಕೆಂಡು ಕೊಡಲಾಗದೆ?

ಹೊರನಾಡುಗಳಲ್ಲೂ ಈ ತಾರತಮ್ಯ ಇದ್ದೇ ಇತ್ತು. ಆಸ್ಕರ್ ಪ್ರಶಸ್ತಿಯಲ್ಲಿ 1936ರ ಸಾಲಿನಿಂದ ಪೋಷಕ ಕಲಾವಿದರಿಗೆ ಬಹುಮಾನ ಕೊಡಲಾರಂಭಿಸಿದಾಗ ನಾಯಕರಿಗೆ ಪ್ರತಿಮೆ, ಇವರಿಗೆ ಬರಿಯ ಫಲಕ. 1943ರ ಸಾಲಿನಲ್ಲಿ ಅವರು ತಿದ್ದಿಕೊಂಡು ಇವರಿಗೂ ಪ್ರತಿಮೆ ಕೊಟ್ಟರು. ಹಿಂದಿಯ ಖಳನಟ ಪ್ರಾಣ್ ಅವರಿಗೆ 2012ನೇ ಸಾಲಿನ ಫಾಲ್ಕೆ ಪ್ರಶಸ್ತಿ ಬಂತು, ಬಹಳ ತಡವಾದರೂ. ನಮ್ಮ ರಾಜ್ಯ ಸರ್ಕಾರ ಪೋಷಕ ನಟ ಪ್ರಶಸ್ತಿಗೆ ಅಶ್ವಥ್ ಅವರ ಹೆಸರನ್ನಿಟ್ಟಿದೆ. ಸಂತೋಷ. ಆದರೆ ಪ್ರಶಸ್ತಿಗೆ ಹೆಸರಿಡುವುದು ಸುಲಭದ ಕೆಲಸ. ಈ ನಟರ ರಂಗಜೀವನದ ವಿವರಗಳನ್ನು ಕಲೆಹಾಕಿ, ಅವರ ಹಳೆಯ ಚಿತ್ರಗಳ ಪ್ರತಿಗಳನ್ನು ಕಾಪಾಡುವುದು ಕಷ್ಟದ ಕೆಲಸ, ಖರ್ಚಿನದು ಕೂಡ.

ಸರ್ಕಾರ ಮಾಡುವವರೆಗೆ ಕಾಯಬೇಕಾಗಿಲ್ಲ. ಶಿಕಾರಿಪುರ, ಸೊರಬ, ಆನವಟ್ಟಿ, ಹಿರೇಕೆರೂರಿನ ಕಡೆ ಕಂಪನಿ ನಾಟಕಗಳ ಡೇರೆಯಲ್ಲಿ ರಾತ್ರಿಯೆಲ್ಲ ಕುಳಿತವರು ಈಗ ಎಂಬತ್ತು ದಾಟಿದ್ದಾರೆ. ನಿಮ್ಮ ಮನೆಯಲ್ಲಿ ಅಂಥ ಅಜ್ಜ ಅಜ್ಜಿಯರಿದ್ದರೆ ಒಂದು ಸಂಜೆ ಬಿಡುವು ಮಾಡಿಕೊಂಡು ಪಕ್ಕದಲ್ಲಿ ಕುಳಿತುಕೊಳ್ಳಿ. ಯಾವ ಕಂಪನಿ, ಯಾವ ಊರಿನ ಜಾತ್ರೆ, ಯಾವ ನಾಟಕ ಎಂದು ಕೇಳಿ ಬರೆದಿಟ್ಟುಕೊಳ್ಳಿ. ರಾಜಪಾರ್ಟಿನವನ ಹೆಸರನ್ನು ಅವರು ಕೇಳದೆಯೇ ಹೇಳುತ್ತಾರೆ. ಮಂತ್ರಿ, ಸೇವಕ, ಮುದುಕ, ಕಳ್ಳ ಇವರ ಪಾತ್ರ ಹಾಕಿದ್ದವರು ಯಾರೆಂದು ನೀವು ಕೇಳಬೇಕು.